ಬೆಂಗಾಡಿನ ಸೆರೆಮನೆ, ಬಯಲು ಬಂದೀಖಾನೆ

ಪುಣೆಯ ಕನ್ನಡ ಮನೆಗಳಲ್ಲಿ ಬೆಳೆಯುತ್ತಿರುವ ಮಕ್ಕಳು ಏನನ್ನು ಓದುತ್ತಾರೆ ಎಂಬ ಪ್ರಶ್ನೆಗೆ ನಮ್ಮ ಕೂಟಗಳಲ್ಲಿ ಸಾಮಾನ್ಯವಾಗಿ ಸಿಗುವ ಉತ್ತರ ಒಂದು ನಿಟ್ಟುಸಿರು. ಮರಾಠಿಯನ್ನು ಶಾಲೆಗಾಗಿ ಓದುತ್ತಾರೆ, ಇಂಗ್ಲಿಷನ್ನು ಬದುಕಿಗಾಗಿ ಓದುತ್ತಾರೆ, ಕನ್ನಡವನ್ನು ಅಜ್ಜಿಯ ಸಮಾಧಾನಕ್ಕಾಗಿ ಓದುತ್ತಾರೆ. ತಮ್ಮ ಸಂತೋಷಕ್ಕಾಗಿ ಓದುವುದು ಮಾತ್ರ ಮಂಗಾ. ಬಲದಿಂದ ಎಡಕ್ಕೆ ಸಾಗುವ ಈ ಜಪಾನೀ ಚಿತ್ರಕಥೆಗಳ ಸಂಪುಟಗಳು ಅವರ ಕಪಾಟಿನಲ್ಲಿ ಸಾಲಾಗಿ ನಿಂತಿರುತ್ತವೆ. ಅವುಗಳಲ್ಲಿ ಒಂದು ಜಾತಿಯ ಕಥೆ ನನ್ನ ಗಮನವನ್ನು ಕೆಲವು ಕಾಲದಿಂದ ಹಿಡಿದಿಟ್ಟಿದೆ. ಅದು ಮರುಭೂಮಿಯ ನಡುವಿನ ಸೆರೆಮನೆಯ ಕಥೆ.

ಈ ಕಥೆಗಳಿಗೆ ಒಂದು ಅಚ್ಚು ಇದೆ. ಸುತ್ತ ಕಣ್ಣು ಹಾಯುವವರೆಗೆ ಮರಳು, ನಡುವೆ ಒಂದು ಕೋಟೆ. ಗೋಡೆ ಹಾರಿದವನಿಗೂ ಬಿಡುಗಡೆಯಿಲ್ಲ, ಏಕೆಂದರೆ ಗೋಡೆಯಾಚೆ ನೀರಿಲ್ಲ. ಒಳಗೆ ಒಬ್ಬ ಕ್ರೂರ ಅಧಿಕಾರಿ, ಅವನಷ್ಟೇ ಕ್ರೂರರಾದ ಕೆಲವು ಕೈದಿಗಳು, ತಪ್ಪು ಮಾಡದೆಯೇ ಬಂದು ಬಿದ್ದ ಒಬ್ಬ ಹುಡುಗ. ಅವನು ಹೊಡೆತ ತಿನ್ನುತ್ತಾನೆ, ಗೆಳೆಯರನ್ನು ಗಳಿಸುತ್ತಾನೆ, ಸಂಪುಟದಿಂದ ಸಂಪುಟಕ್ಕೆ ಗಟ್ಟಿಯಾಗುತ್ತಾನೆ. ಮಕ್ಕಳು ಇದನ್ನು ಓದಬಾರದು ಎಂಬ ಪಕ್ಷ ನನ್ನದಲ್ಲ. ಸೆರೆಮನೆಯನ್ನು ಕಲ್ಪಿಸಿಕೊಳ್ಳಲು ಒಪ್ಪುವ ಮಗು ಅನ್ಯಾಯವನ್ನು ಕಲ್ಪಿಸಿಕೊಳ್ಳಲು ಒಪ್ಪಿದೆ ಎಂದೇ ಅರ್ಥ. ನನ್ನ ತಕರಾರು ಬೇರೆ. ಈ ಕಥೆಗಳು ಸೆರೆಮನೆಯ ಕಾಠಿಣ್ಯವನ್ನು ತಪ್ಪು ಜಾಗದಲ್ಲಿ ಹುಡುಕಲು ಕಲಿಸುತ್ತವೆ, ಮತ್ತು ಆ ತಪ್ಪನ್ನು ಮಕ್ಕಳಿಗಿಂತ ಹೆಚ್ಚಾಗಿ ದೊಡ್ಡವರಾದ ನಾವು ನಂಬಿಕೊಂಡಿದ್ದೇವೆ.

ಮರುಭೂಮಿಯೇ ಏಕೆ ಎಂಬುದನ್ನು ಮೊದಲು ಯೋಚಿಸೋಣ. ಜಪಾನಿನಲ್ಲಿ ಮರುಭೂಮಿ ಇಲ್ಲ. ತೊತ್ತೊರಿಯ ಕಡಲಂಚಿನ ಮರಳುದಿಬ್ಬಗಳೇ ಅಲ್ಲಿನ ದೊಡ್ಡ ಮರಳುಗಾಡು. ಆ ದೇಶದ ನಿಜವಾದ ಘೋರ ಸೆರೆಮನೆ ಇದ್ದದ್ದು ಹಿಮದಲ್ಲಿ. ಹೊಕ್ಕೈದೋ ದ್ವೀಪದ ಅಬಾಶಿರಿಯ ಕೈದಿಗಳಿಂದ 1891ರಲ್ಲಿ ಕಾಡು ಕಡಿಸಿ ಹೆದ್ದಾರಿ ಮಾಡಿಸಿದರು. ಆ ಕೆಲಸದಲ್ಲಿ 200ಕ್ಕೂ ಹೆಚ್ಚು ಮಂದಿ ಸತ್ತರು. ಆ ಸೆರೆಮನೆ ಇಂದು ವಸ್ತುಸಂಗ್ರಹಾಲಯ. ಸತೋರು ನೋದಾ ಅವರ ‘ಗೋಲ್ಡನ್ ಕಮುಯ್’ ಮಂಗಾದಲ್ಲಿ ಅದು ಕಥೆಯ ಮುಖ್ಯ ತಾಣಗಳಲ್ಲೊಂದು. ತಮ್ಮ ಚರಿತ್ರೆಯಲ್ಲಿ ಹಿಮದ ಸೆರೆಯಿದ್ದರೂ ಚಿತ್ರಕಾರರು ಮತ್ತೆ ಮತ್ತೆ ಮರಳಿಗೆ ಹೋಗುವುದಕ್ಕೆ ಕಾರಣ ಊಹಿಸಬಹುದು. ಹಿಮದ ಸೆರೆಮನೆಗೆ ಊರಿದೆ, ತಾರೀಖಿದೆ, ಆಜ್ಞೆ ಹೊರಡಿಸಿದ ಸರಕಾರವಿದೆ. ಮರಳಿಗೆ ಇದೊಂದೂ ಇಲ್ಲ. ಅಲ್ಲಿ ಯಾವ ದೇಶದ ಕಾನೂನೂ ನಡೆಯುವುದಿಲ್ಲವೆಂದು ಓದುಗ ಮೊದಲ ಪುಟದಲ್ಲೇ ಒಪ್ಪಿಬಿಡುತ್ತಾನೆ.

ಈ ಯುಕ್ತಿ ಜಪಾನೀಯರದ್ದು ಮಾತ್ರವಲ್ಲ. ಕಾಫ್ಕಾ 1919ರಲ್ಲಿ ಪ್ರಕಟಿಸಿದ ‘ದಂಡನೆಯ ವಸಾಹತು’ ಕಥೆ ನಡೆಯುವುದೂ ಬೋಳು ಇಳಿಜಾರುಗಳ ನಡುವಿನ ಮರಳು ಕಣಿವೆಯಲ್ಲಿ. ಅಲ್ಲಿನ ಯಂತ್ರ ಅಪರಾಧಿಯ ಮೈಮೇಲೆಯೇ ಅವನ ಶಿಕ್ಷೆಯನ್ನು ಕೊರೆಯುತ್ತದೆ. ಅಮೆರಿಕದ ಲೂಯಿ ಸಾಕರ್ 1998ರಲ್ಲಿ ಬರೆದ ‘ಹೋಲ್ಸ್’ ಕಾದಂಬರಿಯಲ್ಲಿ ಬತ್ತಿಹೋದ ಕೆರೆಯಂಗಳದಲ್ಲಿ ಬಾಲಾಪರಾಧಿಗಳು ದಿನಕ್ಕೊಂದು ಐದಡಿ ಆಳದ ಗುಂಡಿ ತೋಡುತ್ತಾರೆ. ನಮ್ಮ ಮಕ್ಕಳ ಶಾಲಾ ಗ್ರಂಥಾಲಯಗಳಲ್ಲೂ ಸಿಗುವ ಪುಸ್ತಕ ಅದು. ಕಾಫ್ಕಾ ಮತ್ತು ಸಾಕರ್ ಇಬ್ಬರೂ ಬೆಂಗಾಡಿನ ಹಿಂದೆ ಇರುವ ಮನುಷ್ಯರನ್ನು ಕೊನೆಗೆ ತೋರಿಸಿಕೊಡುತ್ತಾರೆ. ಅವರ ಅನುಕರಣೆಗಳು ಹಲವೊಮ್ಮೆ ಮರಳಿನಲ್ಲೇ ನಿಂತುಬಿಡುತ್ತವೆ. ಹಿಂಸೆ ಮಾಡುವುದು ಬಿಸಿಲು, ಕಾವಲು ಕಾಯುವುದು ಬಾಯಾರಿಕೆ. ಮನುಷ್ಯರು ಮಾಡಿದ್ದಕ್ಕೆ ಹವಾಮಾನ ಹೊಣೆಯಾಗುತ್ತದೆ.

ಮಂಗಾ ಓದುವ ನಮ್ಮ ಮಕ್ಕಳಿಗೆ ತಿಳಿಯದ, ನಮಗೂ ಮರೆತುಹೋದ ಒಂದು ಸಂಗತಿಯಿದೆ. ಒಣ ನಾಡಿನ ನಿಜವಾದ ಸೆರೆಶಿಬಿರವೊಂದು ನಮ್ಮ ದೇಶದಲ್ಲೇ ಇತ್ತು, ಮತ್ತು ಅದರೊಳಗೆ ಒಂದು ಕಾಲಕ್ಕೆ ಇದ್ದವರು ಜಪಾನೀಯರು. ರಾಜಸ್ಥಾನದ ದೇವಲಿ ಎಂಬ ಊರಿನ ಶಿಬಿರದಲ್ಲಿ ಬ್ರಿಟಿಷರು ಮೊದಲು ಭಾರತೀಯ ರಾಜಕೀಯ ಕೈದಿಗಳನ್ನು ಇಟ್ಟಿದ್ದರು. 1941ರಲ್ಲಿ ಅಲ್ಲಿ ಉಪವಾಸ ಮುಷ್ಕರ ಹೂಡಿದವರಲ್ಲಿ ಜಯಪ್ರಕಾಶ ನಾರಾಯಣರೂ ಒಬ್ಬರು. ಜಪಾನು ಯುದ್ಧಕ್ಕಿಳಿದ ಮೇಲೆ ಸಿಂಗಪುರ, ಮಲಯಗಳಲ್ಲಿ ವ್ಯಾಪಾರ, ಮೀನುಗಾರಿಕೆ ಮಾಡಿಕೊಂಡಿದ್ದ ಜಪಾನೀ ಸಂಸಾರಗಳನ್ನು ಹಡಗಿನಲ್ಲಿ ತಂದು ದಿಲ್ಲಿಯ ಪುರಾನಾ ಕಿಲಾದಲ್ಲಿ ಕೂಡಿಹಾಕಿ, ಅನಂತರ ದೇವಲಿಗೆ ಸಾಗಿಸಿದರು. ಯುದ್ಧ ಮುಗಿದ ಮೇಲೂ ಅವರು ಅಲ್ಲೇ ಉಳಿದರು. 1946ರ ಫೆಬ್ರವರಿಯಲ್ಲಿ ಶಿಬಿರದಲ್ಲಿ ಗೋಲೀಬಾರ್ ನಡೆದು ಹಲವರು ಸತ್ತರು. ಮುಂದೆ 1962ರಲ್ಲಿ, ಸ್ವತಂತ್ರ ಭಾರತದ ಕಾಲದಲ್ಲಿ, ಅಸ್ಸಾಮಿನ ಮಾಕುಮ್ ಮೊದಲಾದ ಕಡೆಗಳಿಂದ ಸುಮಾರು 3,000 ಚೀನೀ ಮೂಲದವರನ್ನು ರೈಲಿನಲ್ಲಿ ತಂದು ಅದೇ ದೇವಲಿಯಲ್ಲಿಟ್ಟರು. ಅವರಲ್ಲಿ ಅನೇಕರು ಇಲ್ಲಿಯೇ ಹುಟ್ಟಿದವರು. ಕೊನೆಯವರು ಹೊರಬರುವ ಹೊತ್ತಿಗೆ 1967 ಆಗಿತ್ತು. ರೀತಾ ಚೌಧುರಿಯವರು ಅಸ್ಸಾಮಿಯಲ್ಲಿ ಬರೆದ ‘ಮಾಕಾಮ್’ ಕಾದಂಬರಿ ಆ ಜನರ ಕಥೆ. ಮೂರು ಬಾರಿಯೂ ದೇವಲಿಯ ಬಿಸಿಲು ಒಂದೇ ಆಗಿತ್ತು. ಬದಲಾದದ್ದು ಆಜ್ಞಾಪತ್ರದಲ್ಲಿನ ಹೆಸರುಗಳು.

ಒಣ ನೆಲಕ್ಕೆ ಸೆರೆಮನೆಯಾಗುವ ಗುಣ ತಾನಾಗಿಯೇ ಇಲ್ಲ ಎಂಬುದಕ್ಕೆ ದೂರದ ಸಾಕ್ಷಿಯೂ ಬೇಕಿಲ್ಲ. ಪುಣೆಯಿಂದ ಒಂದು ಹಗಲಿನ ಹಾದಿಯಲ್ಲಿ, ಸಾಂಗಲಿ ಜಿಲ್ಲೆಯ ಆಟಪಾಡಿಯ ಬಳಿ, ಸ್ವತಂತ್ರಪುರ ಎಂಬ ಜಾಗವಿದೆ. ಮಾಣ ನದಿಯ ಆಸುಪಾಸಿನ ಈ ಸೀಮೆಯನ್ನು ಮರಾಠಿಗರು ಮಾಣದೇಶ ಎನ್ನುತ್ತಾರೆ. ಮಳೆಯ ಮೋಡಗಳು ಸಹ್ಯಾದ್ರಿಯಲ್ಲೇ ಬರಿದಾಗಿ ಬರುವ ನಾಡು. ಬರ ಅಲ್ಲಿ ಪ್ರತಿ ತಲೆಮಾರಿನ ನೆನಪು. ಅದರ ನೆರೆಯ ಜತ್ತ ತಾಲ್ಲೂಕಿನಲ್ಲಿ ಕನ್ನಡ ಮನೆಮಾತಿನ ಊರುಗಳಿವೆ, ಅಲ್ಲಿಂದ ಮುಂದೆ ವಿಜಯಪುರದ ಬಯಲು. ಮಂಗಾ ಚಿತ್ರಕಾರನೊಬ್ಬನಿಗೆ ಭಾರತದಲ್ಲಿ ಬೆಂಗಾಡಿನ ಸೆರೆಮನೆಗೆ ಜಾಗ ತೋರಿಸಬೇಕಾಗಿ ಬಂದರೆ ನಾವು ತೋರಿಸಬಹುದಾದ ನೆಲ ಅದು. ಅಲ್ಲಿ 1939ರಲ್ಲಿ ನಿಜವಾಗಿಯೂ ಸೆರೆಮನೆಯೊಂದು ಹುಟ್ಟಿತು. ಅದಕ್ಕೆ ಗೋಡೆ ಇರಲಿಲ್ಲ.

ಆಟಪಾಡಿ ಆಗ ಔಂಧ್ ಸಂಸ್ಥಾನಕ್ಕೆ ಸೇರಿತ್ತು. ಪುಣೆಯವರು ಔಂಧ್ ಎಂದೊಡನೆ ನೆನೆಯುವ ನಮ್ಮ ಬಡಾವಣೆಯಲ್ಲ ಇದು. ಸಾತಾರಾ ಜಿಲ್ಲೆಯ ಔಂಧ್. ಒಡೆದ ಮಡಕೆಯ ಚೂರುಗಳಂತೆ ಹರಡಿಕೊಂಡಿದ್ದ ಆ ಪುಟ್ಟ ಸಂಸ್ಥಾನದ ಒಂದು ಚೂರು ಕನ್ನಡ ನೆಲದಲ್ಲೂ ಇತ್ತು: ಬಿಜಾಪುರ ಜಿಲ್ಲೆಯ ಗುಣದಾಳ. ಸಂಸ್ಥಾನದ ರಾಜ ಭವಾನರಾವ್ ಪಂತ ಪ್ರತಿನಿಧಿ ಸೂರ್ಯನಮಸ್ಕಾರದ ಪ್ರಚಾರಕ್ಕೆ ಹೆಸರಾದವರು. ಸ್ವತಃ ಚಿತ್ರಕಾರರಾಗಿದ್ದ ಅವರು 1916ರಲ್ಲಿ ಚಿತ್ರಗಳಲ್ಲೇ ರಾಮಾಯಣವನ್ನು ಪ್ರಕಟಿಸಿದ್ದರು. 1939ರ ಜನವರಿಯಲ್ಲಿ ಅವರು ತಮ್ಮ ಅಧಿಕಾರವನ್ನು ಪ್ರಜೆಗಳಿಗೆ ಒಪ್ಪಿಸುವ ಸ್ವರಾಜ್ಯ ಸಂವಿಧಾನಕ್ಕೆ ಸಹಿ ಹಾಕಿದರು. ಅದರ ಹಿಂದೆ ಗಾಂಧೀಜಿಯ ಸಲಹೆಯಿತ್ತು, ರಾಜನ ಮಗ ಅಪ್ಪಾ ಪಂತರ ಉತ್ಸಾಹವಿತ್ತು, ಜೊತೆಗೆ ಒಬ್ಬ ವಿದೇಶೀಯನ ಹಟವಿತ್ತು.

ಆ ವಿದೇಶೀಯ ಮಾರಿಸ್ ಫ್ರೀಡ್‌ಮನ್. ವಾರ್ಸಾದಲ್ಲಿ ಹುಟ್ಟಿದ ಯಹೂದಿ ಎಂಜಿನಿಯರ್. ಅವರು ಭಾರತಕ್ಕೆ ಬಂದದ್ದು ಕನ್ನಡನಾಡಿನ ಮೂಲಕ. ದಿವಾನ್ ಮಿರ್ಜಾ ಇಸ್ಮಾಯಿಲರ ಕಾಲದಲ್ಲಿ, ಬೆಂಗಳೂರಿನ ಸರಕಾರಿ ವಿದ್ಯುತ್ ಕಾರ್ಖಾನೆಯನ್ನು ನಡೆಸಲು ಮೈಸೂರು ಸಂಸ್ಥಾನ ಅವರನ್ನು ಕರೆಸಿಕೊಂಡಿತ್ತು. ಕಾರ್ಖಾನೆಯ ಅಧಿಕಾರಿಯಾಗಿದ್ದಾಗಲೇ ಅವರಿಗೆ ವೈರಾಗ್ಯದ ಸೆಳೆತ ಹತ್ತಿತು; ಕಾಞಂಗಾಡಿನ ಆನಂದಾಶ್ರಮದ ಸ್ವಾಮಿ ರಾಮದಾಸರಿಂದ ಸಂನ್ಯಾಸ ಪಡೆದು ಭಾರತಾನಂದರಾದರು. ಮುಂಬಯಿಯ ನಿಸರ್ಗದತ್ತ ಮಹಾರಾಜರ ಮಾತುಗಳನ್ನು ಇಂಗ್ಲಿಷಿಗೆ ತಂದವರೂ ಇವರೇ. ಜೀವಾವಧಿ ಶಿಕ್ಷೆಯ ಕೈದಿಗಳನ್ನು ಕತ್ತಲೆಯ ಕೋಣೆಗಳಿಂದ ಹೊರತಂದು, ಬಯಲಿನಲ್ಲಿ, ತಮ್ಮ ಹೆಂಡಿರು ಮಕ್ಕಳೊಡನೆ ಬೇಸಾಯ ಮಾಡಿಕೊಂಡಿರಲು ಬಿಡಬೇಕೆಂಬ ಯೋಚನೆಗೆ ಔಂಧಿನಲ್ಲಿ ಬೆನ್ನೆಲುಬಾದವರು ಫ್ರೀಡ್‌ಮನ್. ಕೈದಿಗಳ ಆ ವಸತಿಗೆ ಇಟ್ಟ ಹೆಸರೇ ಸ್ವತಂತ್ರಪುರ. 1948ರಲ್ಲಿ ಔಂಧ್ ವಿಲೀನವಾದರೂ ಆ ವಸತಿ ಉಳಿಯಿತು. ಇಂದಿಗೂ ಅದು ಮಹಾರಾಷ್ಟ್ರದ ಕಾರಾಗೃಹ ಇಲಾಖೆಯ ಒಂದು ಮುಕ್ತ ವಸಾಹತು.

ಇದು ಯಾರಿಗೂ ಗೊತ್ತಿಲ್ಲದ ಕಥೆಯೇನೂ ಅಲ್ಲ. ವಿ. ಶಾಂತಾರಾಮರ ‘ದೋ ಆಂಖೇಂ ಬಾರಹ್ ಹಾಥ್’ ಚಿತ್ರ 1957ರಲ್ಲಿ ಬಂದು ಮರುವರ್ಷ ಬರ್ಲಿನ್ನಿನಲ್ಲಿ ಬಹುಮಾನ ಪಡೆಯಿತು. ಅದರ ಕಥೆ ಬರೆದವರು ಮಾಣದೇಶದವರೇ ಆದ ಗ. ದಿ. ಮಾಡಗೂಳಕರ್, ಸ್ಫೂರ್ತಿ ಸ್ವತಂತ್ರಪುರ. ಆದಿನಾಥನೆಂಬ ಜೈಲರು ಆರು ಮಂದಿ ಕೊಲೆಗಾರರನ್ನು ಬಂಜರು ಹೊಲವೊಂದಕ್ಕೆ ಕರೆದೊಯ್ದು ಅವರಿಂದ ಬೆಳೆ ತೆಗೆಸುತ್ತಾನೆ. ಅಲ್ಲಿಯೂ ಓಡಿಹೋಗುವ ಪ್ರಸಂಗ ಬರುತ್ತದೆ. ಓಡಿದವರನ್ನು ಹಿಂದಕ್ಕೆ ತರುವುದು ಬಾಯಾರಿಕೆಯಲ್ಲ, ತಮ್ಮನ್ನು ನಂಬಿದ ಒಬ್ಬನ ಎರಡು ಕಣ್ಣುಗಳು. ಕಥೆಯ ಕೊನೆಯ ಅಪಾಯ ಬರುವುದು ಕೈದಿಗಳಿಂದಲೂ ಅಲ್ಲ. ಅವರು ನ್ಯಾಯವಾದ ಬೆಲೆಗೆ ತರಕಾರಿ ಮಾರುವುದನ್ನು ಸಹಿಸದ ಪೇಟೆಯ ವ್ಯಾಪಾರಿಯಿಂದ. ಅತಿ ಭಾವುಕ ಚಿತ್ರವೆಂದು ಇದನ್ನು ನಗುವವರುಂಟು. ಆದರೆ ಮರುಭೂಮಿಯ ಮಂಗಾದೊಡನೆ ಇಟ್ಟು ನೋಡಿದರೆ, ಎರಡರಲ್ಲಿ ನಡೆದ ಸಂಗತಿಯ ಆಧಾರವಿರುವುದು ಇದಕ್ಕೇ. ಕಟುವಾದ ಕಥೆಯೇ ನಿಜವೆಂದು ಭಾವಿಸುವ ರೂಢಿ ನಮಗೆ ಬಂದುಬಿಟ್ಟಿದೆ. ಆ ರೂಢಿಯೂ ಒಂದು ಬಗೆಯ ಭಾವುಕತೆಯೇ.

ಹಾಗಾದರೆ ಸೆರೆಮನೆಯ ನಿಜವಾದ ಕಾಠಿಣ್ಯ ಎಲ್ಲಿದೆ? ಕನ್ನಡದವರಿಗೆ ಇದರ ಉತ್ತರ ಹತ್ತಿರದಲ್ಲೇ ಸಿಗಬೇಕು. ‘ಸಂಸ್ಕಾರ’ ಚಿತ್ರದ ಚಂದ್ರಿಯಾಗಿ ನಮ್ಮ ನೆನಪಿನಲ್ಲುಳಿದ ಸ್ನೇಹಲತಾ ರೆಡ್ಡಿ ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ, ಬೆಂಗಳೂರು ಕೇಂದ್ರ ಕಾರಾಗೃಹ ಸೇರಿದರು. ಅವರಿಗೆ ತೀವ್ರವಾದ ಉಬ್ಬಸವಿತ್ತು. 1977ರ ಜನವರಿಯಲ್ಲಿ ಪೆರೋಲಿನ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ ತೀರಿಕೊಂಡರು. ಬೆಂಗಳೂರಿನ ಹವೆಗಿಂತ ಹಿತವಾದ ಹವೆ ನಮ್ಮ ದೇಶದಲ್ಲಿ ಎಷ್ಟು ಊರುಗಳಿಗಿದೆ? ಅಲ್ಲಿ ಮರಳಿರಲಿಲ್ಲ, ಬಿಸಿಗಾಳಿಯಿರಲಿಲ್ಲ. ಉಸಿರಾಡಲಾರದ ಒಬ್ಬ ಹೆಂಗಸು ಮತ್ತು ಅದನ್ನು ತುರ್ತೆಂದು ಭಾವಿಸದ ಒಂದು ವ್ಯವಸ್ಥೆ ಇದ್ದವು. ಆ ಸೆರೆಮನೆಯ ಜಾಗದಲ್ಲಿ ಈಗ ಫ್ರೀಡಂ ಪಾರ್ಕ್ ಇದೆ.

ಮಂಗಾದಲ್ಲೂ ಈ ಸತ್ಯವನ್ನು ಕಂಡವರಿದ್ದಾರೆ ಎಂಬುದನ್ನು ನ್ಯಾಯವಾಗಿ ಹೇಳಬೇಕು. ಕಜುಇಚಿ ಹಾನಾವಾ ಎಂಬ ಚಿತ್ರಕಾರ ಅಕ್ರಮವಾಗಿ ಬಂದೂಕು ಇಟ್ಟುಕೊಂಡ ಅಪರಾಧಕ್ಕೆ ಜಪಾನಿನಲ್ಲಿ ಸೆರೆವಾಸ ಅನುಭವಿಸಿ, ಹೊರಬಂದು ‘ಸೆರೆಮನೆಯ ಒಳಗೆ’ ಎಂಬ ಅರ್ಥದ ಹೆಸರಿನ ಮಂಗಾ ಬರೆದರು. ಅದರಲ್ಲಿ ಹೊಡೆದಾಟವಿಲ್ಲ, ಪಲಾಯನವಿಲ್ಲ. ಇಂದಿನ ಊಟಕ್ಕೆ ಏನು ಬಡಿಸಿದರು, ರಬ್ಬರು ಕೆಳಗೆ ಬಿದ್ದರೆ ಎತ್ತಿಕೊಳ್ಳಲು ಹೇಗೆ ಅನುಮತಿ ಕೇಳಬೇಕು ಎಂಬಂಥ ವಿವರಗಳೇ ಪುಟ ಪುಟಗಳಲ್ಲಿ. ಓದಿ ಮುಗಿಸಿದಾಗ ಭಯವಾಗುವುದು ಯಾರ ಕ್ರೌರ್ಯದಿಂದಲೂ ಅಲ್ಲ. ಒಬ್ಬ ಪ್ರೌಢ ಮನುಷ್ಯ ಅಷ್ಟು ಬೇಗ ಅನುಮತಿಯ ಬದುಕಿಗೆ ಒಗ್ಗಿಹೋದನಲ್ಲ ಎಂಬುದರಿಂದ.

ಎರಡು ದಶಕಗಳಿಂದ ಸರಕಾರಿ ಕಡತಗಳ ನಡುವೆ ಬದುಕಿರುವ ನನಗೆ ಆ ಭಯ ಪರಿಚಿತವಾದದ್ದು. ಮರುಭೂಮಿಯ ಕಥೆಯ ಖಳನಿಗೆ ಮುಖವಿದೆ, ಗಾಯದ ಗುರುತಿದೆ, ಅಟ್ಟಹಾಸವಿದೆ. ಕಡತಕ್ಕೆ ಮುಖವಿಲ್ಲ. ಅದು ಒಂದು ಮೇಜಿನಿಂದ ಇನ್ನೊಂದಕ್ಕೆ ಹೋಗುವ ನಡುವೆ ಯಾರೂ ಕೆಟ್ಟವರಲ್ಲ. ಒಬ್ಬರು ರಜೆಯಲ್ಲಿರುತ್ತಾರೆ, ಇನ್ನೊಬ್ಬರು ಒಂದು ಅಡಕ ಸಾಲದೆಂದು ಹಿಂದಿರುಗಿಸುತ್ತಾರೆ, ಮೂರನೆಯವರು ನಿಯಮವನ್ನೇ ಪಾಲಿಸುತ್ತಾರೆ. ಆ ಕಡತದ ಇನ್ನೊಂದು ತುದಿಯಲ್ಲಿ ಪಿಂಚಣಿಯ ಬದಲು ಮನುಷ್ಯನ ಬಿಡುಗಡೆಯೇ ಇದ್ದರೆ, ನಮ್ಮ ದಿನನಿತ್ಯದ ಉದಾಸೀನಕ್ಕೆ ಬೇರೆ ಹೆಸರು ಕೊಡಬೇಕಾಗುತ್ತದೆ.

ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೋ 2022ರ ಅಂತ್ಯಕ್ಕೆ ಕೊಟ್ಟ ಲೆಕ್ಕ ಹೀಗಿದೆ: ದೇಶದ 1,330 ಸೆರೆಮನೆಗಳಲ್ಲಿ 4,36,266 ಮಂದಿಗೆ ಜಾಗ, ಒಳಗಿದ್ದವರು 5,73,220. ನೂರು ಮಂದಿಯ ಜಾಗದಲ್ಲಿ 131 ಮಂದಿ. ಇದಕ್ಕಿಂತ ಮುಖ್ಯವಾದ ಸಂಖ್ಯೆ ಇನ್ನೊಂದು. ಒಳಗಿದ್ದವರಲ್ಲಿ 4,34,302 ಮಂದಿ, ಅಂದರೆ ನಾಲ್ವರಲ್ಲಿ ಮೂವರು, ವಿಚಾರಣಾಧೀನರು. ಅವರ ಅಪರಾಧ ಇನ್ನೂ ಸಾಬೀತಾಗಿರಲಿಲ್ಲ.

ಇಲ್ಲಿ ಒಂದು ವಿಪರ್ಯಾಸವನ್ನು ಗಮನಿಸಬೇಕು. ಸ್ವತಂತ್ರಪುರ ತೋರಿಸಿದ ದಾರಿ ಅಲ್ಲಿಗೇ ನಿಲ್ಲಲಿಲ್ಲ. ಪುಣೆಯ ಯರವಡಾದಲ್ಲಿ, ಗೋದಾವರಿ ದಂಡೆಯ ಪೈಠಣದಲ್ಲಿ, ದೇವನಹಳ್ಳಿ ಬಳಿಯ ಕೋರಮಂಗಲದಲ್ಲಿ ಬಯಲು ಬಂದೀಖಾನೆಗಳಾದವು. ಮರಳಿನ ನಾಡೆಂದೇ ಹೆಸರಾದ ರಾಜಸ್ಥಾನ ಇದರಲ್ಲಿ ಎಲ್ಲರಿಗಿಂತ ಮುಂದೆ ಹೋಯಿತು. ಜೈಪುರದ ಬಳಿ ಸಾಂಗಾನೇರಿನಲ್ಲಿ 1963ರಿಂದ ಕೈದಿಗಳು ಸಂಸಾರದೊಡನೆ ಇದ್ದು, ಹಗಲು ಹೊರಗೆ ದುಡಿದು, ಸಂಜೆ ಹಾಜರಿಗೆ ಹಿಂದಿರುಗುತ್ತಾರೆ. ಆ ವಸತಿಯ ಜಾಗವನ್ನು ಕಡಿಮೆ ಮಾಡಕೂಡದೆಂದು 2024ರಲ್ಲಿ ಸುಪ್ರೀಂ ಕೋರ್ಟು ಹೇಳಬೇಕಾಯಿತು. ಆದರೆ ದೇಶದ ಒಟ್ಟು ಬಯಲು ಬಂದೀಖಾನೆಗಳು ಬ್ಯೂರೋದ ಅದೇ ಲೆಕ್ಕದ ಪ್ರಕಾರ 91 ಮಾತ್ರ. ಅವುಗಳ ಬಾಗಿಲು ತೆರೆಯುವುದು ಶಿಕ್ಷೆಯಾಗಿ, ವರ್ಷಗಟ್ಟಲೆ ಸನ್ನಡತೆ ತೋರಿಸಿದವರಿಗೆ. ಅಂದರೆ ಕೊಲೆ ಮಾಡಿದನೆಂದು ಸಾಬೀತಾದವನು ಕೊನೆಗೆ ಬಯಲಿಗೆ ಬಂದು ಬದನೆ ಬೆಳೆಯಬಹುದು. ಕಳ್ಳತನ ಮಾಡಿದನೋ ಇಲ್ಲವೋ ಎಂದು ಇನ್ನೂ ತೀರ್ಮಾನವಾಗದವನು ತುಂಬಿ ತುಳುಕುವ ಕೊಠಡಿಯಲ್ಲಿ ಕಂಬಿ ಎಣಿಸಬೇಕು. ಮೊದಲನೆಯವನಿಗೆ ಸಿಕ್ಕಿದ್ದು ಹೆಚ್ಚಾಯಿತೆಂದು ನಾನು ಹೇಳುತ್ತಿಲ್ಲ. ಎರಡನೆಯವನನ್ನು ನಾವು ಲೆಕ್ಕಕ್ಕೇ ತೆಗೆದುಕೊಂಡಿಲ್ಲ.

ಈ ಎರಡನೆಯವನು ನಮಗೆ ಯಾರು ಎಂಬುದೇ ಈ ಬರಹದ ಮುಖ್ಯ ಮಾತು. ಅವನು ಅನೇಕ ವೇಳೆ ನಮ್ಮವನು. ಪುಣೆಯ ಸುತ್ತಲಿನ ಎತ್ತರದ ಕಟ್ಟಡಗಳಿಗೆ ಗಾರೆ ಹೊತ್ತವರಲ್ಲಿ ಕಲಬುರಗಿ, ಯಾದಗಿರಿ, ವಿಜಯಪುರ ಜಿಲ್ಲೆಗಳಿಂದ ಬಂದವರಿದ್ದಾರೆ. ಅವರ ಕನ್ನಡ ನಮ್ಮ ಸಾಹಿತ್ಯ ಕೂಟಗಳ ಕನ್ನಡವಲ್ಲ. ನಮ್ಮ ರಾಜ್ಯೋತ್ಸವದ ವೇದಿಕೆಗೆ ಅವರು ಬರುವುದು ಹೆಚ್ಚೆಂದರೆ ಕುರ್ಚಿ ಹೊರಲು. ಅಂಥವನೊಬ್ಬನನ್ನು ಸಣ್ಣದೊಂದು ಆರೋಪದ ಮೇಲೆ ಹಿಡಿದರೆಂದು ಇಟ್ಟುಕೊಳ್ಳಿ. ನ್ಯಾಯಾಲಯ ಜಾಮೀನು ಕೊಡುತ್ತದೆ, ಜಾಮೀನುದಾರ ಬೇಕೆನ್ನುತ್ತದೆ. ಆಸ್ತಿಯ ಕಾಗದವಿರುವ ಸ್ಥಳೀಯ ಮನುಷ್ಯನೊಬ್ಬನನ್ನು ಅವನು ಎಲ್ಲಿಂದ ತರಬೇಕು? ಅವನ ಅಣ್ಣನ ಎರಡೆಕರೆ ಇರುವುದು ಸಿಂದಗಿಯಲ್ಲಿ.

ಇದು ನನ್ನ ಕಲ್ಪನೆಯ ತೊಡಕಲ್ಲ. ಮಧ್ಯಪ್ರದೇಶದ ಮೋತಿರಾಮ್ ಎಂಬ ಗಾರೆ ಕೆಲಸದವನ ಪ್ರಕರಣ 1978ರಲ್ಲಿ ಸುಪ್ರೀಂ ಕೋರ್ಟಿಗೆ ಬಂದದ್ದು ಈ ಕಾರಣಕ್ಕೇ. ಹತ್ತು ಸಾವಿರ ರೂಪಾಯಿಯ ಜಾಮೀನು ಕೇಳಿದ್ದ ಮ್ಯಾಜಿಸ್ಟ್ರೇಟರು, ಅವನ ಸೋದರ ಹೊಣೆ ನಿಲ್ಲಲು ಬಂದಾಗ, ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ನಿರಾಕರಿಸಿದ್ದರು. ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವನನ್ನು ಸಾವಿರ ರೂಪಾಯಿಯ ಸ್ವಂತ ಮುಚ್ಚಳಿಕೆಯ ಮೇಲೆ ಬಿಡುವಂತೆ ಹೇಳಿದರು. ಹಾಗೆ ಹೇಳುವಾಗ ಅವರು ಕೇಳಿದ ಪ್ರಶ್ನೆಯೊಂದು ಹೊರನಾಡಿನಲ್ಲಿರುವ ನಮ್ಮೆಲ್ಲರಿಗೂ ಕೇಳಿದಂತಿದೆ: ಒಬ್ಬ ಮಲಯಾಳಿಯೋ ಕನ್ನಡಿಗನೋ ತಮಿಳನೋ ತೆಲುಗನೋ ದೂರದ ಊರಿನಲ್ಲಿ ಬಂಧಿತನಾದರೆ ಅಲ್ಲಿ ಆಸ್ತಿಯುಳ್ಳ ಜಾಮೀನುದಾರರನ್ನು ಎಲ್ಲಿಂದ ತರಬೇಕು? ದೇಶದ ಪರಮೋಚ್ಚ ನ್ಯಾಯಾಲಯ ಹೊರನಾಡ ಕನ್ನಡಿಗನನ್ನು ಹೆಸರಿಟ್ಟು ನೆನೆದ ಸಂದರ್ಭ ಇದು. ನಮ್ಮ ಸಂಘಗಳ ಸ್ಮರಣ ಸಂಚಿಕೆಗಳಲ್ಲಿ ಇದರ ಉಲ್ಲೇಖವನ್ನು ನಾನು ಕಂಡಿಲ್ಲ.

ಆಮೇಲೆ ಕಾನೂನು ಸುಮ್ಮನೆ ಕುಳಿತಿಲ್ಲ. ಜಾಮೀನು ಸಿಕ್ಕಿ ಏಳು ದಿನವಾದರೂ ಹೊರಬರಲಾರದ ಕೈದಿಯ ವಿಷಯವನ್ನು ಸೆರೆಮನೆಯ ಅಧಿಕಾರಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸಬೇಕೆಂದು 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟು ನಿರ್ದೇಶಿಸಿತು. 2024ರ ಜುಲೈನಲ್ಲಿ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 479ನೆಯ ಕಲಮು, ಕೆಲವು ಅಪವಾದಗಳನ್ನು ಬಿಟ್ಟರೆ, ಮೊದಲ ಬಾರಿ ಆರೋಪಕ್ಕೊಳಗಾದವನು ಗರಿಷ್ಠ ಶಿಕ್ಷೆಯ ಮೂರರಲ್ಲೊಂದು ಭಾಗವನ್ನು ವಿಚಾರಣಾಧೀನನಾಗಿಯೇ ಕಳೆದಿದ್ದರೆ ಅವನನ್ನು ಬಿಡಬೇಕೆನ್ನುತ್ತದೆ. ಆದರೆ ಕಾನೂನು ತಾನಾಗಿ ನಡೆದುಕೊಂಡು ಕೈದಿಯ ಬಳಿಗೆ ಹೋಗುವುದಿಲ್ಲ. ಯಾರೋ ಅದನ್ನು ಅವನಿಗೆ ಅರ್ಥವಾಗುವ ಮಾತಿನಲ್ಲಿ ಹೇಳಬೇಕು. ಅವನ ಮನೆಗೆ ಫೋನು ಮಾಡಬೇಕು, ಆಧಾರ್ ಕಾರ್ಡಿನ ನಕಲು ತರಿಸಬೇಕು.

ಮೂರು ಆಕ್ಷೇಪಗಳು ಬರುತ್ತವೆಂದು ಬಲ್ಲೆ. ಮೊದಲನೆಯದು, ಅಪರಾಧಕ್ಕೆ ಬಲಿಯಾದವರ ಗತಿಯೇನು ಎಂಬುದು. ನ್ಯಾಯವಾದ ಪ್ರಶ್ನೆ. ಬಯಲು ಬಂದೀಖಾನೆ ಎಲ್ಲರಿಗೂ ಸಲ್ಲದು, ಆಯ್ಕೆ ಕಟ್ಟುನಿಟ್ಟಾಗಿರಬೇಕು. ಆದರೆ ವಿಚಾರಣೆ ಎಳೆಯುತ್ತ ಹೋದಷ್ಟೂ ಬಲಿಯಾದವರಿಗೂ ನ್ಯಾಯ ದೂರವಾಗುತ್ತದೆ. ತೀರ್ಪಿಲ್ಲದ ಸೆರೆವಾಸ ಇಬ್ಬರಿಗೂ ಮಾಡುವ ಮೋಸ. ಎರಡನೆಯದು, ಸೆರೆಮನೆ ಕಷ್ಟವಾಗಿದ್ದರೆ ತಾನೆ ಹೆದರಿಕೆ ಎಂಬುದು. ನಮ್ಮ ನುಡಿಗಟ್ಟುಗಳೇ ಇದಕ್ಕೆ ಉತ್ತರ ಕೊಡುತ್ತವೆ. ಜೈಲಿಗೆ ಹೋಗುವುದನ್ನು ಕನ್ನಡದಲ್ಲಿ ಮುದ್ದೆ ಮುರಿಯುವುದು ಎನ್ನುತ್ತೇವೆ, ಮಾವನ ಮನೆಗೆ ಹೋಗುವುದು ಎನ್ನುತ್ತೇವೆ. ಹೆದರಬೇಕಾದವರು ಹೆದರದೆ ಹೋದುದರಿಂದಲೇ ಇಂಥ ತಮಾಷೆ ಮಾತುಗಳು ಹುಟ್ಟಿವೆ. ಹೆದರುವವನು ಮೊದಲ ಸಲ ಒಳಗೆ ಹೋದ ಬಡವ. ಮೂರನೆಯದು, ಮಂಗಾ ಬರಿಯ ಮನರಂಜನೆ, ಅದಕ್ಕೆ ಇಷ್ಟು ಭಾರವೇಕೆ ಎಂಬುದು. ಕಾರ್ಕಳದ ಅನಂತ ಪೈ 1967ರಲ್ಲಿ ‘ಅಮರ ಚಿತ್ರಕಥೆ’ಯನ್ನು ಆರಂಭಿಸಿದ್ದು ಮಕ್ಕಳು ನಮ್ಮ ಪುರಾಣವನ್ನು ಚಿತ್ರಗಳಲ್ಲೇ ಕಲಿಯುತ್ತಾರೆಂಬ ನಂಬಿಕೆಯಿಂದ. ಚಿತ್ರಕಥೆ ಪುರಾಣವನ್ನು ಕಲಿಸಬಲ್ಲದಾದರೆ ಸೆರೆಮನೆಯನ್ನೂ ಕಲಿಸುತ್ತದೆ.

ನಮ್ಮಿಂದ ಆಗಬಹುದಾದದ್ದು ದೊಡ್ಡದೇನಲ್ಲ. ಮಕ್ಕಳ ಕೈಯಿಂದ ಪುಸ್ತಕ ಕಿತ್ತುಕೊಳ್ಳುವ ಬದಲು ಸ್ವತಂತ್ರಪುರದ ಕಥೆಯನ್ನು ಅವರಿಗೆ ಹೇಳಬಹುದು. ನಮ್ಮ ಕೂಟದಲ್ಲಿ ಚಿತ್ರ ಬರೆಯಬಲ್ಲ ಹರೆಯದವರಿದ್ದರೆ ಅವರೇ ಅದನ್ನು ಕನ್ನಡದಲ್ಲಿ ಚಿತ್ರಕಥೆಯಾಗಿ ಬರೆಯಲಿ. ಬೆಂಗಳೂರಿನ ಕಾರ್ಖಾನೆಯಿಂದ ಕಾವಿ ಉಟ್ಟು ಹೊರಟ ಪೋಲಿಷ್ ಎಂಜಿನಿಯರನಿಗಿಂತ ಒಳ್ಳೆಯ ನಾಯಕ ಯಾವ ಮಂಗಾದಲ್ಲಿದ್ದಾನೆ? ಇದಕ್ಕಿಂತ ಮುಖ್ಯವಾದದ್ದು ಎರಡನೆಯ ಕೆಲಸ. ಪುಣೆಯ ಕನ್ನಡ ಸಂಘ ಸಂಸ್ಥೆಗಳಲ್ಲಿ ವಕೀಲರಿದ್ದಾರೆ, ನಿವೃತ್ತ ಅಧಿಕಾರಿಗಳಿದ್ದಾರೆ, ಸ್ವಂತ ಮನೆಯಿರುವವರಿದ್ದಾರೆ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಒಂದು ಪತ್ರ ಬರೆದು, ಕನ್ನಡ ಮಾತ್ರ ಬಲ್ಲ ವಿಚಾರಣಾಧೀನರಿಗೆ ದುಭಾಷಿಗಳಾಗಿ ನಾವು ಬರುತ್ತೇವೆ ಎಂದು ಹತ್ತು ಹೆಸರು ಕೊಡಬಹುದು. ಸಣ್ಣ ಆರೋಪಗಳಲ್ಲಿ, ಪೂರ್ವಾಪರ ವಿಚಾರಿಸಿ, ಹೊಣೆ ನಿಲ್ಲಲು ಕೆಲವರಾದರೂ ಮುಂದೆ ಬರಬಹುದು. ಅಪಾಯವಿಲ್ಲವೆನ್ನಲಾರೆ, ಹೊಣೆ ನಿಂತವನ ಹಣ ಹೋಗಬಹುದು. ಔಂಧಿನ ರಾಜ ಕೊಲೆಗಾರರನ್ನು ಬಯಲಿಗೆ ಬಿಟ್ಟಾಗ ಅವನಿಗೂ ಯಾರೂ ಖಾತರಿ ಕೊಟ್ಟಿರಲಿಲ್ಲ.

ಯರವಡಾ ನಮ್ಮ ಊರಿನಲ್ಲೇ ಇದೆ. 1871ರಲ್ಲಿ ಕಟ್ಟಿದ ಆ ಕಾರಾಗೃಹದಿಂದ ಗಾಂಧೀಜಿ ಆಶ್ರಮಕ್ಕೆ ಬರೆದ ಪತ್ರಗಳಲ್ಲಿ ಅದನ್ನು ಯರವಡಾ ಮಂದಿರ ಎಂದು ಕರೆದರು. 1932ರಲ್ಲಿ ಅವರಿಗೂ ಅಂಬೇಡ್ಕರರಿಗೂ ಒಪ್ಪಂದವಾದದ್ದು ಅಲ್ಲಿ. ವಿಮಾನ ನಿಲ್ದಾಣಕ್ಕೆ ಹೋಗುವ ದಾರಿಯಲ್ಲಿ ನಾವು ಅದರ ಪಕ್ಕದಲ್ಲೇ ಹಾದುಹೋಗುತ್ತೇವೆ. ಅದರ ಸುತ್ತ ಮರುಭೂಮಿಯಿಲ್ಲ. ಮರಗಳಿವೆ, ಬಸ್ ನಿಲ್ದಾಣಗಳಿವೆ, ಚಹಾದ ಅಂಗಡಿಗಳಿವೆ. ಒಳಗಿರುವ ಯಾದಗಿರಿಯ ಹುಡುಗನೊಬ್ಬನಿಗೂ ಹೊರಗಿರುವ ನಮಗೂ ನಡುವೆ ದಾಟಲಾರದ ಮರಳೇನೂ ಇಲ್ಲ. ಒಂದು ಗೋಡೆಯಿದೆ, ಒಂದು ಕಡತವಿದೆ, ಅವನ ಭಾಷೆ ಬಲ್ಲವರು ಯಾರಾದರೂ ಬಂದಿದ್ದಾರೆಯೇ ಎಂಬ ಪ್ರಶ್ನೆಯಿದೆ. ಗೋಡೆಯನ್ನೂ ಕಡತವನ್ನೂ ಸರಕಾರ ನೋಡಿಕೊಳ್ಳಬೇಕು. ಮೂರನೆಯದಕ್ಕೆ ಉತ್ತರ ಕೊಡಬೇಕಾದವರು ನಾವು.